ಹಿಂದಕ್ಕೆ ಒಂದೇ ಒಂದು ಫ್ರೇಮ್

ಸಿಸಿಟಿವಿ ದೃಶ್ಯವನ್ನು ಪೆನ್‌ಡ್ರೈವ್‌ಗೆ ಹಾಕಿ ಕೊಟ್ಟರೆ ಎಷ್ಟೋ ಸಲ ಅದು ನಮ್ಮ ಕಂಪ್ಯೂಟರಿನಲ್ಲಿ ತೆರೆಯುವುದೇ ಇಲ್ಲ. ಡೆನ್ಮಾರ್ಕಿನ ಮೈಲ್‌ಸ್ಟೋನ್ ಸಿಸ್ಟಮ್ಸ್‌ನವರು ಇದಕ್ಕೆ ಕಂಡುಕೊಂಡ ಉಪಾಯ ನನಗೆ ಬಲು ಇಷ್ಟ. ಅವರ ಸಿಸಿಟಿವಿ ತಂತ್ರಾಂಶವಾದ ಎಕ್ಸ್‌ಪ್ರೊಟೆಕ್ಟ್‌ನಲ್ಲಿ ವಿಡಿಯೊ ಜೊತೆಗೇ ಅದನ್ನು ನೋಡುವ ಪ್ಲೇಯರನ್ನೂ ಸೇರಿಸಿ ಕೊಡಬಹುದು. ಇನ್‌ಸ್ಟಾಲ್ ಮಾಡುವ ರಗಳೆಯಿಲ್ಲ.

ಪ್ಲೇಯರನ್ನು ತೆರೆದರೆ ಗೇಟು, ಲಿಫ್ಟು, ಪಾರ್ಕಿಂಗಿನ ಕ್ಯಾಮೆರಾಗಳೆಲ್ಲ ಒಂದೇ ಪರದೆಯಲ್ಲಿ, ಒಂದೇ ಗಡಿಯಾರಕ್ಕೆ. ಕಾಲರೇಖೆಯನ್ನು ಎಳೆದರೆ ಎಲ್ಲವೂ ಒಟ್ಟಿಗೇ ಸರಿಯುತ್ತವೆ. ಗೇಟಿನ ಚೌಕದಲ್ಲಿ ಮರೆಯಾದ ಕೆಂಪು ಸ್ಕೂಟರು ಪಕ್ಕದ ಚೌಕದಲ್ಲಿ ಮೂತಿ ತೋರಿಸುತ್ತದೆ.

ನಾನು ಮರುಳಾಗಿರುವುದು ಮಾತ್ರ ‘ಹಿಂದಿನ ಫ್ರೇಮ್’ ಗುಂಡಿಗೆ. ವಿಡಿಯೊವನ್ನು ಕುಗ್ಗಿಸಿಡುವ ಎಚ್.264 ವಿಧಾನದಲ್ಲಿ ಪೂರ್ತಿ ಚಿತ್ರ ಇರುವುದು ಆಗೊಮ್ಮೆ ಈಗೊಮ್ಮೆ. ನಡುವಿನವೆಲ್ಲ ಬರೀ ಏನು ಬದಲಾಯಿತೆಂಬ ಲೆಕ್ಕ. ಮುಂದಕ್ಕೆ ಹೋಗುವುದು ಸಲೀಸು. ಒಂದೇ ಹೆಜ್ಜೆ ಹಿಂದಿಡಬೇಕೆಂದರೆ ಹಿಂದಿನ ಪೂರ್ತಿ ಚಿತ್ರದಿಂದ ಶುರುಮಾಡಿ ಒಂದೊಂದನ್ನೇ ಬಿಡಿಸಿಕೊಂಡು ಬರಬೇಕು. ನಮ್ಮೆಲ್ಲರ ಮೆಚ್ಚಿನ ವಿಡಿಯೊ ಪ್ಲೇಯರ್ ವಿಎಲ್‌ಸಿಯ 3.0 ಆವೃತ್ತಿಯಲ್ಲಿ ‘ಇ’ ಕೀಲಿ ಒತ್ತಿದರೆ ಮುಂದಿನ ಫ್ರೇಮ್ ಬರುತ್ತದೆ, ಹಿಂದಿನದಕ್ಕೆ ಕೀಲಿಯೇ ಇಲ್ಲ. ಮೈಲ್‌ಸ್ಟೋನ್‌ನವರ ಪ್ಲೇಯರಿನಲ್ಲಿ ಗುಂಡಿ ಒತ್ತಿದರೆ ಸಾಕು, ನಂಬರ್ ಪ್ಲೇಟಿನಲ್ಲಿ 8ರಂತೆ ಕಲಸಿಹೋಗಿದ್ದ ಅಂಕಿ 3 ಆಗಿ ನಿಲ್ಲುತ್ತದೆ. ಆ ಗಳಿಗೆಗೆ ಸಮನಾದ ಖುಷಿ ಕಡಿಮೆ.

ಡಿಜಿಟಲ್ ಸಹಿ ಸೇರಿಸಿ ಕೊಟ್ಟಿದ್ದರೆ, ದೃಶ್ಯವನ್ನು ಯಾರಾದರೂ ತಿದ್ದಿದ್ದಾರೆಯೇ ಎಂದೂ ಪ್ಲೇಯರೇ ಪರೀಕ್ಷಿಸುತ್ತದೆ. ಪಾಸ್‌ವರ್ಡ್ ಬೀಗವೂ ಉಂಟು. ಪರದೆಯ ಬಣ್ಣ ಕಡುಬೂದು, ನೋಡಲು ಚೆಂದವೇನಲ್ಲ. ಆದರೆ ಗಂಟೆಗಟ್ಟಲೆ ಕತ್ತಲ ದೃಶ್ಯ ನೋಡುವ ಕಣ್ಣಿಗೆ ಅದೇ ಹಿತ.