ತಾಟಿನ ಸಪ್ಪಳ, ಕಪ್ಪುಕುಳಿಯ ಸಪ್ಪಳ

ಹೋದ ದೀಪಾವಳಿಗೆ ತಿಕೋಟಾಕ್ಕೆ ಹೋದಾಗ ಬ್ಯಾಗಿನಲ್ಲಿ ಒಂದು ಪುಸ್ತಕ ಇತ್ತು. ‘ಐನ್‌ಸ್ಟೈನ್ಸ್ ಎನಿಗ್ಮಾ ಆರ್ ಬ್ಲ್ಯಾಕ್ ಹೋಲ್ಸ್ ಇನ್ ಮೈ ಬಬಲ್ ಬಾತ್’. ಬರೆದವರು ಸಿ.ವಿ. ವಿಶ್ವೇಶ್ವರ, ಬಂದದ್ದು 2006ರಲ್ಲಿ. ಅಕ್ಕನ ಮಗಳು ಹೆಸರು ಓದಿ ನಕ್ಕಳು. “ಮಾಮಾ, ಜಳಕದ ಮನ್ಯಾಗ ಕಪ್ಪುಕುಳಿ ಅಂದ್ರ ಏನ?”

ಹುಡುಗಿ ಹತ್ತನೇ ತನಕ ಕನ್ನಡ ಮಾಧ್ಯಮ, ಈಗ ವಿಜಯಪುರದಲ್ಲಿ ಪಿಯುಸಿ ಸೈನ್ಸ್. ಮುಂದೆ ಫಿಸಿಕ್ಸ್ ಓದ್ತೀನಿ ಅಂತ ಹಟ ಹಿಡಿದಿದ್ದಾಳೆ. ಅಕ್ಕನದು ಒಂದೇ ಮಾತು: “ಮೊದಲ ಹೊಟ್ಟಿ ತುಂಬ್ಲಿ, ಆಮ್ಯಾಲ ಆಕಾಶ.” ಬುದ್ಧಿ ಹೇಳುವ ಕೆಲಸ ನನ್ನ ತಲೆಗೆ ಬಿತ್ತು. ಫಿಸಿಕ್ಸ್ ಇಷ್ಟ ಅಂತ ಹೇಳಿಕೊಂಡೇ ಕಂಪ್ಯೂಟರ್ ಸೈನ್ಸ್ ಸೇರಿ ಬೆಂಗಳೂರಿನಲ್ಲಿ ಇಎಂಐ ಕಟ್ಟುತ್ತಿರುವವನು ನಾನು. ಹೀಗಾಗಿ ಪುಸ್ತಕವನ್ನು ಮನರಂಜನೆಗೆ ಓದೋದು ಅಲ್ಲಿಗೇ ಮುಗೀತು.

ವಿಶ್ವೇಶ್ವರರ ಹೆಸರು ನಮ್ಮಲ್ಲಿ ಹಲವರಿಗೆ ಗೊತ್ತಾದದ್ದು ಫೆಬ್ರವರಿ 2016ರಲ್ಲಿ, ಲೈಗೋ ತಂಡ ಗುರುತ್ವ ತರಂಗ ಸಿಕ್ಕಿತು ಅಂತ ಸಾರಿದಾಗ. “ನಮ್ಮ ಕನ್ನಡಿಗ 45 ವರ್ಷದ ಹಿಂದೆಯೇ ಹೇಳಿದ್ದ” ಅನ್ನೋ ಧಾಟಿಯ ಮೆಚ್ಚುಗೆ ಎಲ್ಲ ಕಡೆ. ಮರುವರ್ಷ ಜನವರಿ 16ರಂದು ಅವರು ತೀರಿಕೊಂಡಾಗಲೂ ಅದೇ ಕಥೆ. ನನ್ನ ತಕರಾರು ಈ ಕಥೆಯ ಮೇಲೆ. ಇದರಲ್ಲಿ ಅವರೇನು ಹೇಳಿದ್ದರು ಅನ್ನೋದೇ ಇರೋದಿಲ್ಲ. ಒಬ್ಬ ಜಾಣ ಹೇಳಿದ, ಜಗತ್ತು ಕಾಯಿಸಿತು, ಕೊನೆಗೂ ಒಪ್ಪಿತು, ಅಷ್ಟೇ. ಇದು ಸಿನಿಮಾ ಕಥೆ. 1970ರಲ್ಲಿ ‘ನೇಚರ್’ ಪತ್ರಿಕೆಯಲ್ಲಿ ಬಂದ ಅವರ ಪ್ರಬಂಧ ಯಾರ ಚಪ್ಪಾಳೆಗೂ ಕಾದು ಕೂತಿರಲಿಲ್ಲ. ಕಪ್ಪುಕುಳಿಗಳ ಮೇಲೆ ಕೆಲಸ ಮಾಡುವವರು ಅದೇ ದಶಕದಲ್ಲಿ ಅದನ್ನು ಎತ್ತಿಕೊಂಡು ಮುಂದುವರಿಸಿದ್ದರು.

ಅವರು ಹೇಳಿದ್ದನ್ನು ಹುಡುಗಿಗೆ ತಿಳಿಸಲು ನನಗೆ ಅವ್ವ ನೆನಪಾದಳು. ಅಡಿಗಿ ಮನ್ಯಾಗ ಏನಾದರೂ ಬಿದ್ದರೆ ಅಂಗಳದಿಂದಲೇ ಹೇಳುತ್ತಿದ್ದಳು: “ಹಿತ್ತಾಳಿ ತಾಟ ಬಿತ್ತು ನೋಡ್ರಿ.” ತಾಟಿಗೆ ಚಮಚ ತಾಗಲಿ, ಲಟ್ಟಣಿಗೆ ತಾಗಲಿ, ಮೊದಲ ಸಪ್ಪಳ ಬೇರೆ ಬೇರೆ. ಆಮೇಲೆ ಉಳಿಯುವ ಗುಂಯ್ ಮಾತ್ರ ತಾಟಿನದೇ. ಆ ಗುಂಯ್ ಎಷ್ಟು ದಪ್ಪ, ಎಷ್ಟು ಬೇಗ ಆರುತ್ತೆ ಅನ್ನೋದರಲ್ಲೇ ತಾಟಿನ ಗುರುತು. ವಿಶ್ವೇಶ್ವರ ಕಪ್ಪುಕುಳಿಯತ್ತ ಲೆಕ್ಕದಲ್ಲೇ ಗುರುತ್ವ ತರಂಗದ ಸಣ್ಣ ಸಣ್ಣ ಮಿಡಿತಗಳನ್ನು ಎಸೆದು ನೋಡಿದರು. ಮಿಡಿತ ಸಾಕಷ್ಟು ಕಿರಿದಾಗಿದ್ದರೆ, ಎಸೆದದ್ದು ಎಂಥದ್ದೇ ಇರಲಿ, ತಿರುಗಿ ಬರುವ ಬಾಲದ ಸ್ವರ ಒಂದೇ. ಅದು ಕುಳಿಯದೇ ಸ್ವರ, ಬೇಗ ಆರಿಹೋಗುವಂಥದ್ದು. ಅದರಿಂದ ಕುಳಿಯ ತೂಕ, ಅದು ತಿರುಗುತ್ತಿದ್ದರೆ ಆ ವೇಗ ಲೆಕ್ಕ ಹಾಕಬಹುದು. ಇದಕ್ಕೂ ಮುಂಚೆ, ಮೇರಿಲ್ಯಾಂಡ್‌ನಲ್ಲಿ ಚಾರ್ಲ್ಸ್ ಮಿಸ್ನರ್ ಕೈಕೆಳಗೆ ಪಿಎಚ್.ಡಿ. ಮಾಡುವಾಗ ಇನ್ನೊಂದು ಪ್ರಶ್ನೆ ಹಿಡಿದಿದ್ದರು: ಇಂಥ ಕುಳಿಯನ್ನು ಸ್ವಲ್ಪ ಅಲುಗಾಡಿಸಿದರೆ ಅದು ಒಡೆದು ಹೋಗುತ್ತಾ, ಉಳಿಯುತ್ತಾ? ಉಳಿಯುತ್ತೆ ಅಂತ ತೋರಿಸಿದರು. ತಾಟು ಗಟ್ಟಿ ಇದ್ದರೆ ತಾನೇ ಬಾರಿಸೋ ಮಾತು!

14 ಸೆಪ್ಟೆಂಬರ್ 2015ರಂದು ಸಿಕ್ಕ ಸಂಕೇತ ಬಂದದ್ದು ಸುಮಾರು 130 ಕೋಟಿ ಜ್ಯೋತಿರ್ವರ್ಷ ದೂರದಿಂದ. ಸೂರ್ಯನ 36 ಪಟ್ಟು, 29 ಪಟ್ಟು ತೂಕದ ಎರಡು ಕುಳಿಗಳು ಕೂಡಿ 62 ಪಟ್ಟಿನದು ಒಂದಾಯಿತು. ಉಳಿದ ಮೂರು ಸೂರ್ಯರಷ್ಟು ತರಂಗವಾಗಿ ಹೋಯಿತು. ಕೂಡಿದ ಮೇಲೆ ಹೊಸ ಕುಳಿ ಹೊರಡಿಸುವ ಗುಂಯ್ ಇದೆಯಲ್ಲ, ವಿಶ್ವೇಶ್ವರ ಬರೆದದ್ದು ಅದನ್ನೇ. ಲೈಗೋ ಪ್ರಬಂಧ ಅವರ 1970ರ ಕೆಲಸವನ್ನು ಹೆಸರಿಸುತ್ತೆ.

ಇನ್ನು ಪುಸ್ತಕ. ಒಬ್ಬ ಖಗೋಳವಿಜ್ಞಾನಿ ತನ್ನ ಗೆಳೆಯನಿಗೆ ಹರಟೆಯಲ್ಲೇ ಪಾಠ ಹೇಳ್ತಾನೆ, ಪೇಪರ್ ನ್ಯಾಪ್‌ಕಿನ್ ಮೇಲೆ ಚಿತ್ರ ಗೀಚ್ತಾನೆ. ಗೆಳೆಯ ನಾಚಿಕೆಯಿಲ್ಲದೆ ಕೇಳ್ತಾನೆ. ಗೊತ್ತಿಲ್ಲ ಅನ್ನೋದು ಇಲ್ಲಿ ಅವಮಾನವಲ್ಲ. ಪುಸ್ತಕದ ದೊಡ್ಡ ಗುಣ ಅದು. ಆದರೆ ಆ ಮೇಜಿನ ಹತ್ತಿರ ನಮ್ಮ ಹುಡುಗಿಗೆ ಕುರ್ಚಿ ಇಲ್ಲ. ಹಾಸ್ಯ ಇಂಗ್ಲಿಷಿನ ಪದದಾಟದ ಮೇಲೆ ನಿಂತದ್ದು, ಪಡಸಾಲೆಗೆ ಬರೋ ಹೊತ್ತಿಗೆ ಆರಿರುತ್ತೆ. ಆಕೆ ಎರಡು ಪುಟ ಓದಿ ಕೈಗಿಟ್ಟಳು: “ನಗಿ ಎಲ್ಲಿ ಬರಬೇಕು ಅನ್ನೋದ ತಿಳೀವಲ್ದು ಮಾಮಾ.” ಕನ್ನಡ ಲೇಖಕ ಸಿ.ಕೆ. ವೆಂಕಟರಾಮಯ್ಯನವರ ಮಗ ಬರೆದ ಪುಸ್ತಕದ ಬಗ್ಗೆ ಈ ಮಾತು ಕೇಳಿ ನನಗೆ ಚುರುಕ್ ಅಂತು.

ಆದರೆ ಅವರ ಬದುಕನ್ನು ಈ ಒಂದು ಪುಸ್ತಕದಿಂದ ಅಳೆಯೋದು ತಪ್ಪು. ರಾಮನ್ ಸಂಶೋಧನಾ ಸಂಸ್ಥೆ, ಭಾರತೀಯ ಖಭೌತ ಸಂಸ್ಥೆಗಳಲ್ಲಿ ಸಂಶೋಧನೆ ಮಾಡುತ್ತಲೇ ಅವರು ಬೆಂಗಳೂರಿನ ಜವಾಹರಲಾಲ್ ನೆಹರು ತಾರಾಲಯದ ಸ್ಥಾಪಕ ನಿರ್ದೇಶಕರಾಗಿ ದುಡಿದರು. 1989ರಲ್ಲಿ ಅದು ತೆರೆಯಿತು. ಅಲ್ಲಿ ಕನ್ನಡದಲ್ಲೂ ಪ್ರದರ್ಶನ ಇರುತ್ತೆ, ಡಿಗ್ರಿ ಹುಡುಗರಿಗೆ ಫಿಸಿಕ್ಸ್ ಕ್ಲಾಸೂ ಬೆಳೆಯಿತು. ಶ್ರದ್ಧಾಂಜಲಿ ಲೇಖನಗಳಲ್ಲಿ ಇದು ಕೊನೆಯ ಪ್ಯಾರಾ. ನನ್ನ ಪ್ರಕಾರ ಇದು ಮೊದಲ ಪ್ಯಾರಾ ಆಗಬೇಕು. ಪುಸ್ತಕಕ್ಕೆ ಆಗದ್ದನ್ನು ಆ ಗುಮ್ಮಟ ಮಾಡಿತು. ಒಂದೇ ಕೊರತೆ, ಅದು ನಮ್ಮೂರಿಂದ ರಾತ್ರಿಯಿಡೀ ಬಸ್ಸಿನ ದಾರಿ.

ಗುಮ್ಮಟ ನಮ್ಮಲ್ಲೂ ಇದೆ. ವಾಪಸ್ ಬರೋ ದಿನ ಬಬಲೇಶ್ವರದಲ್ಲಿ ಕಾಕಾನ ಮನೆಗೆ ಹೋಗಿ, ಅಲ್ಲಿಂದ ವಿಜಯಪುರಕ್ಕೆ ಬಂದು ಇಬ್ಬರೂ ಗೋಳಗುಮ್ಮಟ ಹತ್ತಿದೆವು. ಗ್ಯಾಲರಿಯಲ್ಲಿ ನಿಂತು ಆಕೆ ತನ್ನ ಹೆಸರು ಕೂಗಿದಳು. ಅದು ಮತ್ತೆ ಮತ್ತೆ ತಿರುಗಿ ಬಂತು. ಸ್ವಲ್ಪ ಹೊತ್ತು ಸುಮ್ಮನಿದ್ದು ಅಂದಳು: “ಮಾಮಾ, ಇದು ನಾ ಅಂದದ್ದನ್ನ ಹೇಳತೈತಿ. ಕಪ್ಪುಕುಳಿ ಹಂಗಲ್ಲ. ನಾ ಏನರೆ ಒದರ್ಲಿ, ತಂದ ತಾ ಹೇಳತೈತಿ. ಹೌದಿಲ್ಲೋ?”

ಹೌದವಾ ಅಂದೆ. ನಾನು ಹೋಲಿಕೆ ಕೊಟ್ಟಿದ್ದೆ. ಹೋಲಿಕೆ ಎಲ್ಲಿ ಮುಗಿಯುತ್ತೆ ಅನ್ನೋದನ್ನ ಆಕೆ ಕಂಡುಹಿಡಿದಳು. ಫಿಸಿಕ್ಸ್ ಶುರುವಾಗೋದೇ ಅಲ್ಲಿ.

ರಾತ್ರಿ ಬಸ್ ಹತ್ತುವ ಮುಂಚೆ ಅಕ್ಕನಿಗೆ ಫೋನ್ ಮಾಡಿದೆ. ನೌಕರಿಯ ಖಾತ್ರಿ ನಾ ಕೊಡಲಾರೆ, ಆದರ ಹುಡುಗಿಗೆ ಕಿವಿ ಐತಿ ಅಂದೆ. ಅಕ್ಕ ಏನೂ ಅನ್ನಲಿಲ್ಲ. ಆಮೇಲೆ ಕೇಳಿದಳು: “ಐದು ವರ್ಷದ ಫೀ ಎಷ್ಟಾಕ್ಕೈತಿ, ಕೇಳಿ ಹೇಳು.”