ಚೋಮನೂ ವೆಂಕಯ್ಯನೂ

ನಾಯಕನಟನನ್ನು ನೋಡುವುದಕ್ಕೆಂದೇ ಜನರು ಚಿತ್ರಮಂದಿರಕ್ಕೆ ಹೋಗುವರು; ಪೋಷಕನಟನನ್ನು ಕಂಡು ಮೆಚ್ಚಿಯೂ ಅವನ ಹೆಸರನ್ನು ವಿಚಾರಿಸದೆ ಮನೆಗೆ ಹಿಂದಿರುಗುವರು. ಎಂ. ವಿ. ವಾಸುದೇವರಾಯರು ಈ ಎರಡನೆಯ ಪಂಗಡಕ್ಕೆ ಸೇರಿದವರು. ಅವರಿಗೆ ಪ್ರಧಾನಪಾತ್ರದ ಮನ್ನಣೆಯನ್ನು ತಂದುಕೊಟ್ಟುದು ವ್ಯಾಪಾರದ ಚಿತ್ರಗಳಲ್ಲ, ಅದರ ಹಂಗನ್ನು ತೊರೆದ ಹೊಸ ಅಲೆಯ ಚಿತ್ರಗಳು.

ಶಿವರಾಮ ಕಾರಂತರ ಕಾದಂಬರಿಯನ್ನಾಧರಿಸಿ ಬಿ. ವಿ. ಕಾರಂತರು ನಿರ್ದೇಶಿಸಿದ ‘ಚೋಮನ ದುಡಿ’ಯು 1975ರ ಶ್ರೇಷ್ಠ ಚಿತ್ರವೆಂದು ರಾಷ್ಟ್ರಪ್ರಶಸ್ತಿಯನ್ನು ಪಡೆಯಿತು, ಚೋಮನಾಗಿ ಅಭಿನಯಿಸಿದ ರಾಯರು ಆ ವರ್ಷದ ಶ್ರೇಷ್ಠನಟರೆನಿಸಿದರು. ಆದರೆ ಇಲ್ಲಿ ಒಂದು ಆಕ್ಷೇಪಣೆಗೆ ಅವಕಾಶವುಂಟು: ಬಡಕಲು ದೇಹ, ಗುಳಿಬಿದ್ದ ಕಣ್ಣು, ಇವು ಪಾತ್ರಕ್ಕೆ ತಾವಾಗಿಯೇ ಒದಗಿದುವು, ಇದರಲ್ಲಿ ನಟನ ಕಲೆಯೆಂಬುದೆಷ್ಟು?

ಇದಕ್ಕೆ ಉತ್ತರವು ‘ಒಕ ಊರಿ ಕಥ’ ಎಂಬ ತೆಲುಗು ಚಿತ್ರದಲ್ಲಿದೆ. ಪ್ರೇಮಚಂದರ ‘ಕಫನ್’ ಎಂಬ ಕಥೆಯನ್ನು ಆಧಾರವಾಗಿಟ್ಟುಕೊಂಡು ಮೃಣಾಲ್ ಸೇನರು 1977ರಲ್ಲಿ ಇದನ್ನು ತೆಗೆದರು. ದೇಹವು ಅದೇ, ಬಡತನವೂ ಅದೇ. ಮನುಷ್ಯನು ಮಾತ್ರ ಬೇರೆ. ಚೋಮನು ದುಡಿಯಲು ಹಂಬಲಿಸುವವನು. ಕಾಡಿನಲ್ಲಿ ಸಿಕ್ಕಿದ ಎತ್ತುಗಳನ್ನು ಸಾಕಿಕೊಂಡು, ತುಂಡು ನೆಲವನ್ನು ತಾನೇ ಉಳಬೇಕೆಂಬುದು ಅವನ ಒಂದೇ ಆಸೆ; ಅಸ್ಪೃಶ್ಯನೆಂಬ ಕಾರಣದಿಂದ ಲೋಕವು ಅದನ್ನು ನಿರಾಕರಿಸುತ್ತದೆ. ವೆಂಕಯ್ಯನಾದರೋ ದುಡಿಮೆಯನ್ನೇ ನಿರಾಕರಿಸುವವನು. ದುಡಿದರೂ ಹೊಟ್ಟೆ ತುಂಬದು, ಧಣಿಯ ಕಣಜ ಮಾತ್ರ ತುಂಬುವುದು ಎಂದು ಕಂಡುಕೊಂಡು ಸೋಮಾರಿತನವನ್ನೇ ಹಟವಾಗಿ ಹಿಡಿದಿರುವನು. ಮನೆಗೆ ಬಂದ ಸೊಸೆ ಹೆರಿಗೆಯ ನೋವಿನಲ್ಲಿ ಸಾಯುವಾಗಲೂ ಅವನ ಹಟವು ಕರಗದು.

ಚೋಮನ ಮೌನದಲ್ಲಿ ರಾಯರು ಅಳಲನ್ನು ತುಂಬಿದರು. ಅವನು ಹೇಳಲಾರದುದನ್ನು ದುಡಿಯೇ ಹೇಳುತ್ತದೆ. ವೆಂಕಯ್ಯನ ನಗೆಯಲ್ಲಿ ವಿಷವನ್ನು ತುಂಬಿದರು. ಮೊದಲನೆಯವನಿಗಾಗಿ ನಾವು ಕಣ್ಣೀರು ತರುವೆವು. ಎರಡನೆಯವನ ಮುಂದೆ ಕಣ್ಣೀರು ಸಾಲದು, ನಾಚಿಕೆಯೂ ಬೇಕಾಗುತ್ತದೆ. ಒಂದೇ ಮೈಯಿಂದ ಈ ಎರಡು ರಸಗಳನ್ನು ಹೊರಡಿಸಿದುದು ಅದೃಷ್ಟವಲ್ಲ, ಕಲೆ. ವೆಂಕಯ್ಯನ ಬಾಯಲ್ಲಿ ನಿರ್ದೇಶಕರ ಸಿದ್ಧಾಂತವು ಅಲ್ಲಲ್ಲಿ ಮಾತಾಡಿಬಿಡುವುದುಂಟು. ಆ ದೋಷವು ನಟರದಲ್ಲ.

ಇಷ್ಟಾದಮೇಲೆ ನಡೆದುದೇನು? 1987ರಲ್ಲಿ ಮಣಿರತ್ನಂ ಅವರ ತಮಿಳು ‘ನಾಯಕನ್’ ಚಿತ್ರದಲ್ಲಿ ಕಥಾನಾಯಕನಿಗೆ ಬಾಲ್ಯದಲ್ಲಿ ಆಶ್ರಯವಿತ್ತ ಹುಸೇನನಾಗಿ ರಾಯರು ಮತ್ತೆ ಕಾಣಿಸಿಕೊಂಡರು. ಪಾತ್ರವು ಚಿಕ್ಕದು; ಪೋಷಕನಟನು ತನ್ನ ಹಳೆಯ ಸ್ಥಾನಕ್ಕೆ ಮರಳಿದ್ದನು. ಚಿಕ್ಕ ಪಾತ್ರವು ಅವಮಾನವಲ್ಲ, ನಿಜ. ಆದರೆ ರಾಷ್ಟ್ರವೇ ಶ್ರೇಷ್ಠನೆಂದು ಗೌರವಿಸಿದ ನಟನಿಗೆ ಮತ್ತೊಬ್ಬ ಚೋಮನನ್ನು ಒದಗಿಸಲು ನಮ್ಮ ಕನ್ನಡ ಚಿತ್ರರಂಗಕ್ಕೆ ಆಗದೆ ಹೋದುದು ನಟರ ಕೊರತೆಯಲ್ಲ, ನಮ್ಮ ಕಥೆಗಳ ಕೊರತೆ. ನೆಲವನ್ನು ಬೇಡಿದ ಚೋಮನಿಗೆ ನೆಲವು ದೊರೆಯಲಿಲ್ಲ. ಅವನಿಗೆ ಜೀವವಿತ್ತ ನಟರಿಗೂ ಉಳುವುದಕ್ಕೆ ಸಾಕಷ್ಟು ಹೊಲವನ್ನು ನಾವು ಕೊಡಲಿಲ್ಲ.