ತಾಯಿಯ ಪಕ್ಷ ಸೋತ ನ್ಯಾಯಸಭೆ

ಗ್ರೀಕ್ ನಾಟಕಕಾರ ಈಸ್ಕಿಲಸ್‌ನ ‘ಒರೆಸ್ಟಿಯಾ’ ನಾಟಕತ್ರಯವನ್ನು ಸೇಡಿನ ಮೇಲೆ ಕಾನೂನು ಗೆದ್ದ ಕಥೆಯೆಂದು ಹೊಗಳುವುದು ವಾಡಿಕೆ. ಕ್ರಿ.ಪೂ. 458ರಲ್ಲಿ ಅಥೆನ್ಸಿನಲ್ಲಿ ರಂಗವೇರಿದ ಈ ಕೃತಿಯನ್ನು ನಿಧಾನವಾಗಿ ಓದಿದರೆ ಆ ಗೆಲುವು ಅಷ್ಟೇನೂ ನಿಚ್ಚಳವಲ್ಲ.

ಮೊದಲ ನಾಟಕದಲ್ಲಿ ಟ್ರಾಯ್ ಗೆದ್ದು ಬಂದ ದೊರೆ ಅಗಮೆಮ್ನಾನ್‌ನನ್ನು ಹೆಂಡತಿ ಕ್ಲೈಟೆಮ್ನೆಸ್ಟ್ರಾ ಸ್ನಾನದ ಹೊತ್ತಿನಲ್ಲಿ ಬಟ್ಟೆಯಲ್ಲಿ ಸಿಕ್ಕಿಸಿ ಕೊಲ್ಲುತ್ತಾಳೆ. ಯುದ್ಧಕ್ಕೆ ಹಡಗು ಹೊರಡಲೆಂದು ಅವನು ಮಗಳು ಇಫಿಜೀನಿಯಾಳನ್ನೇ ಬಲಿಕೊಟ್ಟಿದ್ದ. ಎರಡನೆಯ ನಾಟಕದಲ್ಲಿ ಮಗ ಒರೆಸ್ಟಿಸ್ ಅಪೊಲೊ ದೇವನ ಅಪ್ಪಣೆಯಂತೆ ತಾಯಿಯನ್ನು ಕೊಲ್ಲಲು ಬರುತ್ತಾನೆ. ಹಾಲೂಡಿಸಿದ ಎದೆಯನ್ನು ತಾಯಿ ತೋರಿಸಿದಾಗ ಅವನ ಕೈ ತಡೆಯುತ್ತದೆ. ಅಲ್ಲಿಯವರೆಗೆ ಬಾಯಿಬಿಡದ ಗೆಳೆಯ ಪಿಲಾಡಿಸ್ ಮೂರೇ ಸಾಲಿನಲ್ಲಿ ದೇವರ ಆಜ್ಞೆ ನೆನಪಿಸುತ್ತಾನೆ, ಕೊಲೆ ನಡೆದುಹೋಗುತ್ತದೆ. ಇಲ್ಲಿ ಕೊಲ್ಲುವವರೆಲ್ಲ ನ್ಯಾಯದ ಹೆಸರಿನಲ್ಲೇ ಕೊಲ್ಲುತ್ತಾರೆ. ಅದನ್ನು ಇಷ್ಟು ಬಿಗಿಯಾಗಿ ಕಟ್ಟಿದ್ದು ಈಸ್ಕಿಲಸ್‌ನ ಹಿರಿಮೆ.

ತೊಡಕಿರುವುದು ಮೂರನೆಯ ನಾಟಕದಲ್ಲಿ. ರಕ್ತಸಂಬಂಧಿಯನ್ನು ಕೊಂದವರ ಬೆನ್ನುಹತ್ತುವ ಎರಿನಿಯಿಸ್ ದೇವತೆಗಳು ಒರೆಸ್ಟಿಸ್‌ನನ್ನು ಅಥೆನ್ಸಿನವರೆಗೂ ಅಟ್ಟಿಸಿಕೊಂಡು ಬರುತ್ತಾರೆ. ದೇವಿ ಅಥೀನಾ ಅಲ್ಲಿನ ನಾಗರಿಕರನ್ನು ಕೂಡಿಸಿ ಅರಿಯೋಪಾಗಸ್ ನ್ಯಾಯಸಭೆ ನಡೆಸುತ್ತಾಳೆ. ಅಪೊಲೊ ಹೂಡುವ ವಾದ ವಿಚಿತ್ರ: ಹೆತ್ತವನು ತಂದೆ ಮಾತ್ರ, ತಾಯಿ ಬೀಜವನ್ನು ಕಾಪಾಡುವವಳು ಅಷ್ಟೆ. ತಾಯಿಯಿಲ್ಲದೆ ಜ್ಯೂಸ್‌ನ ತಲೆಯಿಂದ ಹುಟ್ಟಿದ ಅಥೀನಾಳೇ ಇದಕ್ಕೆ ಸಾಕ್ಷಿ. ಅವಳ ಮತವೂ ಒರೆಸ್ಟಿಸ್‌ಗೇ. ಎರಡೂ ಕಡೆಯ ಮತ ಸಮ ಬಿದ್ದು ಅವನು ಬಿಡುಗಡೆಯಾಗುತ್ತಾನೆ. ಇಷ್ಟೆಲ್ಲ ವಾದದಲ್ಲಿ ಇಫಿಜೀನಿಯಾಳ ಹೆಸರನ್ನು ಒಬ್ಬರೂ ಎತ್ತುವುದಿಲ್ಲ. ಮೊದಲ ನಾಟಕವನ್ನೆಲ್ಲ ಆವರಿಸಿದ್ದ ಆ ಹುಡುಗಿಯ ರಕ್ತ ವಿಚಾರಣೆಗೇ ಬರದಿರುವುದು ತೀರ್ಪಿನ ದೊಡ್ಡ ಕೊರತೆ.

ಆದರೂ ನಾಟಕ ತೀರ್ಪಿಗೆ ನಿಲ್ಲುವುದಿಲ್ಲ. ಸೋತ ದೇವತೆಗಳು ನಾಡನ್ನು ಬರಡಾಗಿಸುವೆವೆಂದು ಸಿಡಿದಾಗ, ತನ್ನ ಕೈಗೆ ಸಿಡಿಲು ಎಟಕುತ್ತದೆಂದು ಸೂಚಿಸಿಯೂ ಅಥೀನಾ ಮಾತಿನಿಂದಲೇ ಒಲಿಸುತ್ತಾಳೆ. ಅವರಿಗೆ ನೆಲೆಯನ್ನೂ ಪೂಜೆಯನ್ನೂ ಕೊಡುತ್ತಾಳೆ. ನಾಟಕ ರಂಗವೇರುವ ಕೆಲವೇ ವರ್ಷ ಮೊದಲು ಅಥೆನ್ಸಿನ ರಾಜಕಾರಣಿ ಎಫಿಯಾಲ್ಟಿಸ್ ಅರಿಯೋಪಾಗಸ್‌ನ ರಾಜಕೀಯ ಅಧಿಕಾರ ಮೊಟಕುಗೊಳಿಸಿ, ಕೊಲೆ ಮೊಕದ್ದಮೆಗಳನ್ನು ಅದಕ್ಕೇ ಉಳಿಸಿದ್ದ. ಬಳಿಕ ತಾನೂ ಕೊಲೆಯಾದ. ಆ ಬಿಸಿ ಆರದ ಪ್ರೇಕ್ಷಕರಿಗೆ ಸೋತವರನ್ನು ಒಳಗು ಮಾಡಿಕೊಳ್ಳುವ ಈ ದೃಶ್ಯ ಬರಿಯ ಪುರಾಣವಾಗಿ ಕಂಡಿರಲಾರದು.

ನ್ಯಾಯದ ವಾದವಾಗಿ ‘ಒರೆಸ್ಟಿಯಾ’ದ ವಿಚಾರಣೆ ದುರ್ಬಲ, ಹೆಣ್ಣಿನ ಪಾಲಿಗೆ ಕ್ರೂರ. ಸೇಡನ್ನು ನಿಲ್ಲಿಸುವ ರಾಜಿಯ ಚಿತ್ರಣವಾಗಿ ಮಾತ್ರ ಅದಕ್ಕೆ ಸಾಟಿಯಾದ ಗ್ರೀಕ್ ನಾಟಕ ಇನ್ನೊಂದಿಲ್ಲ.